ದೇಹವೇಕೆ ನಾಚಬೇಕು?



ಮೂವತ್ತೊಂದು ವರ್ಷಗಳ ಕಾಲ ಶುಶ್ರೂಷಕಿಯಾಗಿ ದುಡಿದು ನಿವೃತ್ತಳಾದವಳು ನಾನು. ಈ ಬರಹವನ್ನು ಒಬ್ಬ ತಾಯಿಯ ನೆನಪಿನಿಂದ ಆರಂಭಿಸಲು ಅಪ್ಪಣೆ ಕೊಡಿ. ಐವತ್ತರ ಆಸುಪಾಸಿನ ಆ ತಾಯಿ ನಮ್ಮ ವಾರ್ಡಿಗೆ ಬಂದಾಗ ಎದೆಯ ಗಂಟು ಒಡೆದು ಹುಣ್ಣಾಗಿತ್ತು. ಗಂಟು ಇರುವುದು ಅವರಿಗೆ ಎರಡು ವರ್ಷಗಳಿಂದ ಗೊತ್ತಿತ್ತು. "ಮೊದಲೇ ಯಾಕೆ ಬರಲಿಲ್ಲಮ್ಮ?" ಎಂದು ಕೇಳಿದೆ. "ಹೇಗೆ ಬರಲಿ ಸಿಸ್ಟರ್? ಬಂದರೆ ರವಿಕೆ ಬಿಚ್ಚಬೇಕಲ್ಲ" ಎಂದರು. ಆ ವರ್ಷ ಮುಗಿಯುವುದರೊಳಗೆ ಅವರು ತೀರಿಕೊಂಡರು. ಅಂತ್ಯಸಂಸ್ಕಾರಕ್ಕೆ ಬಂದವರು ಅವರ ಗುಣಗಳನ್ನು ನೆನೆಯುತ್ತಾ, "ಬಹಳ ನಾಚಿಕೆಯ ಹೆಂಗಸು, ಮರ್ಯಾದಸ್ಥೆ" ಎಂದು ಹೊಗಳಿದರು. ಅಲ್ಲಿ ನಿಂತಿದ್ದ ನನಗೆ ಆ ಹೊಗಳಿಕೆಯನ್ನು ಸಹಿಸಲಾಗಲಿಲ್ಲ. ಯಾವುದು ಆಕೆಯ ಪ್ರಾಣಕ್ಕೆ ಎರವಾಯಿತೋ ಅದನ್ನೇ ನಾವು ಹೂಮಾಲೆಯಂತೆ ಆಕೆಯ ಶವಪೆಟ್ಟಿಗೆಯ ಮೇಲೆ ಇರಿಸುತ್ತಿದ್ದೆವು.

ನಾಚಿಕೆ ಮತ್ತು ಮರ್ಯಾದೆ ಒಂದೇ ಎಂದು ನಾವು ಮಕ್ಕಳಿಗೆ ಕಲಿಸುತ್ತೇವೆ. ಅವು ಒಂದೇ ಅಲ್ಲವೆಂದು ನಾನು ವಾದಿಸುತ್ತೇನೆ. ಎಲ್ಲಿ, ಯಾರ ಮುಂದೆ, ಯಾವ ಉದ್ದೇಶಕ್ಕಾಗಿ ದೇಹವನ್ನು ತೆರೆಯಬೇಕು ಅಥವಾ ಮುಚ್ಚಬೇಕು ಎಂಬ ವಿವೇಚನೆಯೇ ಮರ್ಯಾದೆ. ಅದು ಸದ್ಗುಣ. ತನ್ನ ದೇಹವೇ ಒಂದು ತಪ್ಪು, ಅದನ್ನು ಯಾರೂ ಕಾಣಬಾರದು, ಕಂಡರೆ ನಕ್ಕಾರು ಎಂಬ ಅಳುಕು ಬೇರೆ. ಅದಕ್ಕೆ ಕೀಳರಿಮೆ ಎಂದು ಹೆಸರು. ಅದು ಸದ್ಗುಣದ ಉಡುಪು ತೊಟ್ಟ ರೋಗ. ಈ ರೋಗಕ್ಕೆ ಲೋಕದ ಕೆಲವು ಕಡೆ ಜನ ಒಂದು ಮದ್ದನ್ನು ಕಂಡುಕೊಂಡಿದ್ದಾರೆ. ಅದರ ಹೆಸರು ಕೇಳಿ ಪುಟ ಮಗುಚಬಾರದೆಂದು ನಿಮ್ಮಲ್ಲಿ ನನ್ನ ವಿನಂತಿ. ಸಾಮಾನ್ಯ ಸ್ತ್ರೀಪುರುಷರು, ಕಾಮದ ಉದ್ದೇಶವಿಲ್ಲದೆ, ತಮ್ಮ ಇಚ್ಛೆಯಿಂದಲೇ, ಹತ್ತು ಜನರ ನಡುವೆ ಬಟ್ಟೆಯಿಲ್ಲದೆ ಮೀಯುವುದು, ಈಜುವುದು, ಕುಳಿತು ಮಾತನಾಡುವುದು: ಒಂದೇ ಮಾತಿನಲ್ಲಿ ಹೇಳುವುದಾದರೆ ಸಾಮೂಹಿಕ ನಗ್ನತೆ.

ಇದನ್ನು ನಾನು ಮೊದಲು ಕೇಳಿದ್ದು ನನ್ನ ತಂಗಿಯ ಮಗಳಿಂದ. ಆಕೆಯೂ ಶುಶ್ರೂಷಕಿ, ಫಿನ್ಲೆಂಡಿನ ಟಾಂಪೆರೆ ನಗರದಲ್ಲಿ ಕೆಲಸ ಮಾಡುತ್ತಾಳೆ. ಅಲ್ಲಿ ಸೌನಾ ಎಂಬ ಬಿಸಿಹಬೆಯ ಸ್ನಾನಗೃಹಗಳಿವೆ. ಸುಮಾರು 55 ಲಕ್ಷ ಜನರಿರುವ ಆ ದೇಶದಲ್ಲಿ 33 ಲಕ್ಷ ಸೌನಾಗಳಿವೆಯಂತೆ. 2020ರಲ್ಲಿ ಯುನೆಸ್ಕೋ ಈ ಪದ್ಧತಿಯನ್ನು ಮನುಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು. ಹಳೆಯ ಕಾಲದಲ್ಲಿ ಆ ಹಳ್ಳಿಗರು ಹೆರಿಗೆ ಮಾಡಿಸುತ್ತಿದ್ದುದೂ ಸೌನಾದಲ್ಲೇ, ಸತ್ತವರ ದೇಹವನ್ನು ತೊಳೆಯುತ್ತಿದ್ದುದೂ ಅಲ್ಲೇ. ದೇವಾಲಯದಲ್ಲಿ ಹೇಗೋ ಸೌನಾದಲ್ಲೂ ಹಾಗೆಯೇ ನಡೆದುಕೊಳ್ಳಬೇಕೆಂಬುದು ಅವರ ನಾಣ್ನುಡಿ. ಟಾಂಪೆರೆಯಲ್ಲಿ 1906ರಲ್ಲಿ ತೆರೆದ ರಾಯಪೋರ್ತಿ ಎಂಬ ಸಾರ್ವಜನಿಕ ಸೌನಾ ಇಂದಿಗೂ ನಡೆಯುತ್ತಿದೆ. ಹೆಂಗಸರಿಗೆ, ಗಂಡಸರಿಗೆ ಹಬೆಕೋಣೆಗಳು ಬೇರೆ ಬೇರೆ.

"ಮೊದಲ ದಿನ ಟವೆಲನ್ನು ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದು ಮೂಲೆಯಲ್ಲಿ ಕುಳಿತಿದ್ದೆ ದೊಡ್ಡಮ್ಮ" ಎಂದು ಆಕೆ ಫೋನಿನಲ್ಲಿ ಹೇಳಿದಳು. "ಸುತ್ತ ನೋಡಿದರೆ ಹೊಟ್ಟೆ ಜೋತುಬಿದ್ದ ಅಜ್ಜಿಯರು, ಹೆರಿಗೆಯ ಗೆರೆಗಳಿರುವ ತಾಯಂದಿರು, ಶಸ್ತ್ರಚಿಕಿತ್ಸೆಯ ಹೊಲಿಗೆಯ ಗುರುತಿರುವವರು. ಯಾರೂ ಯಾರನ್ನೂ ನೋಡುತ್ತಿರಲಿಲ್ಲ. ಆಲೂಗಡ್ಡೆಯ ಬೆಲೆ ಮಾತನಾಡಿಕೊಳ್ಳುತ್ತಿದ್ದರು. ಮೂರನೆಯ ವಾರ ಟವೆಲನ್ನು ಬದಿಗಿಟ್ಟೆ. ಜಗತ್ತು ಮುಳುಗಲಿಲ್ಲ." ಆಕೆ ಈ ಮಾತು ಹೇಳಿದಾಗ ನನಗೆ ನೆನಪಾದದ್ದು ಅವಳ ಬಾಲ್ಯ. ಕಪ್ಪು ಬಣ್ಣದ, ಕೊಂಚ ದಪ್ಪನೆಯ ಆ ಹುಡುಗಿಗೆ ಪೂಜೆ ಮುಗಿದು ಹೊರಬಂದಾಗಲೆಲ್ಲ ಗುಡಿಯ ಅಂಗಳದಲ್ಲೇ ನೆಂಟರಿಷ್ಟರು, "ಇವಳಿಗೆ ಗಂಡು ಹುಡುಕುವುದು ಕಷ್ಟ" ಎನ್ನುತ್ತಿದ್ದರು. ಹಾಗೆಂದವರಲ್ಲಿ ನಾನೂ ಒಬ್ಬಳು. ಅದನ್ನು ಇಲ್ಲಿ ಒಪ್ಪಿಕೊಳ್ಳದೆ ಮುಂದೆ ಬರೆಯುವ ಹಕ್ಕು ನನಗಿಲ್ಲ.

ಇದೊಂದು ಹುಡುಗಿಯ ಅನುಭವ ಮಾತ್ರವೆಂದು ನೀವು ಹೇಳಬಹುದು. ಆದರೆ ಇದನ್ನು ಶಾಸ್ತ್ರೀಯವಾಗಿ ಪರೀಕ್ಷಿಸಿದವರಿದ್ದಾರೆ. ಲಂಡನ್ ವಿಶ್ವವಿದ್ಯಾನಿಲಯದ ಗೋಲ್ಡ್‌ಸ್ಮಿತ್ಸ್ ಕಾಲೇಜಿನ ಮನಶ್ಶಾಸ್ತ್ರಜ್ಞ ಕಿಯಾನ್ ವೆಸ್ಟ್ ಅವರು 849 ಮಂದಿ ಬ್ರಿಟಿಷರನ್ನು ಪ್ರಶ್ನಿಸಿ ನಡೆಸಿದ ಅಧ್ಯಯನ 2017ರಲ್ಲಿ ಬೆಳಕಿಗೆ ಬಂತು. ಇಂತಹ ನಗ್ನ ಕೂಟಗಳಲ್ಲಿ ಹೆಚ್ಚು ಪಾಲ್ಗೊಂಡವರಿಗೆ ತಮ್ಮ ದೇಹದ ಬಗ್ಗೆ ಹೆಚ್ಚು ಸಮಾಧಾನ, ಹೆಚ್ಚು ಆತ್ಮಗೌರವ ಮತ್ತು ಬಾಳಿನಲ್ಲಿ ಹೆಚ್ಚು ತೃಪ್ತಿ ಇರುವುದು ಅದರಲ್ಲಿ ಕಂಡುಬಂತು. ಮೊದಲೇ ಆತ್ಮವಿಶ್ವಾಸವುಳ್ಳವರೇ ಅಲ್ಲಿಗೆ ಹೋಗುತ್ತಾರಲ್ಲವೇ ಎಂಬ ಸಂಶಯ ಸಹಜ. ಆದುದರಿಂದ ಅವರು ಅಂತಹ ಎರಡು ಕೂಟಗಳಿಗೆ ಬಂದ 24 ಹಾಗೂ 100 ಜನರನ್ನು, ಪಾಲ್ಗೊಳ್ಳುವ ಮೊದಲೊಮ್ಮೆ ಮತ್ತು ಅನಂತರ ಇನ್ನೊಮ್ಮೆ ಪ್ರಶ್ನಿಸಿದರು. ಅಲ್ಲಿಯೂ ಸುಧಾರಣೆಯೇ ಕಂಡಿತು.

ಅನಂತರ ಅವರು 51 ಜನರನ್ನು ಚೀಟಿ ಎತ್ತಿದಂತೆ ಎರಡು ಗುಂಪು ಮಾಡಿ, ಒಂದು ಗುಂಪಿನವರನ್ನು ಬಟ್ಟೆ ತೊಟ್ಟು, ಇನ್ನೊಂದು ಗುಂಪಿನವರನ್ನು ಬಟ್ಟೆಯಿಲ್ಲದೆ ತಮ್ಮತಮ್ಮಲ್ಲಿ ಬೆರೆಯುವಂತೆ ಮಾಡಿದರು. ಬಟ್ಟೆಯಿಲ್ಲದವರಲ್ಲಿ ತಮ್ಮ ದೇಹದ ಬಗೆಗಿನ ಮೆಚ್ಚುಗೆ ಹೆಚ್ಚಿತು. ಕಾರಣವೇನೆಂದರೆ, ಇತರರು ನನ್ನ ದೇಹವನ್ನು ಅಳೆಯುತ್ತಿದ್ದಾರೆ ಎಂಬ ಭಯ ಅವರಲ್ಲಿ ಕಡಿಮೆಯಾಗಿತ್ತು. 51 ಜನ ಬಹಳ ಸಣ್ಣ ಸಂಖ್ಯೆಯೆಂದು ನಾನೂ ಬಲ್ಲೆ. ಇಂತಹ ಪ್ರಯೋಗಕ್ಕೆ ಒಪ್ಪಿಬರುವವರು ಎಲ್ಲರಂತಲ್ಲವೆಂಬುದನ್ನೂ ಬಲ್ಲೆ. ಆದರೂ ಆ ಕಾರಣವನ್ನು ಗಮನಿಸಿ: ಗುಣವಾದದ್ದು ದೇಹವಲ್ಲ, ಭಯ. ವಾರ್ಡಿನಲ್ಲಿ ನಾನು ಕಂಡದ್ದೂ ಅದೇ. ಹೊಸ ರೋಗಿ ಮೊದಲ ದಿನ ಹಾಸಿಗೆಯ ಸ್ನಾನಕ್ಕೆ ಕಣ್ಣು ಮುಚ್ಚಿಕೊಳ್ಳುತ್ತಾರೆ. ನಾಲ್ಕನೆಯ ದಿನ ಕಣ್ಣು ತೆರೆದು ಊರಿನ ಸುದ್ದಿ ಹೇಳುತ್ತಾರೆ. ತನ್ನನ್ನು ಕಂಡವರು ಅಸಹ್ಯಪಡಲಿಲ್ಲ, ನಗಲಿಲ್ಲ, ಆಸೆಯಿಂದ ನೋಡಲೂ ಇಲ್ಲ ಎಂಬುದು ಖಾತರಿಯಾದಾಗ ಮನುಷ್ಯನ ಬೆನ್ನು ನೆಟ್ಟಗಾಗುತ್ತದೆ.

ಇನ್ನು ಈ ಭಯ ಎಲ್ಲಿಂದ ಬಂತು? ಅದು ಹುಟ್ಟಿನಿಂದ ಬಂದದ್ದಲ್ಲ, ಕಲಿತದ್ದು. ಪೆಸಿಫಿಕ್ ಸಾಗರದ ಫಿಜಿ ದ್ವೀಪದಲ್ಲಿ ಮೈತುಂಬಿದ ದೇಹವೇ ಚೆಲುವೆಂಬ ಭಾವನೆಯಿತ್ತು. ಅಲ್ಲಿನ ನಾಡ್ರೋಗ ಎಂಬ ಪ್ರಾಂತಕ್ಕೆ 1995ರಲ್ಲಿ ದೂರದರ್ಶನ ಬಂತು. ಆ್ಯನ್ ಬೆಕರ್ ಎಂಬ ವೈದ್ಯೆ ತನ್ನ ಸಂಗಡಿಗರೊಂದಿಗೆ ಅಲ್ಲಿಯ ಶಾಲಾಬಾಲಕಿಯರನ್ನು ಆಗಲೊಮ್ಮೆ, 1998ರಲ್ಲಿ ಮತ್ತೊಮ್ಮೆ ಪರೀಕ್ಷಿಸಿದರು. ಊಟದ ವಿಷಯದಲ್ಲಿ ರೋಗದ ಲಕ್ಷಣವೆನಿಸುವ ಮನೋಭಾವ 12.7 ಶೇಕಡದಿಂದ 29.2 ಶೇಕಡಕ್ಕೆ ಏರಿತ್ತು. ತೆಳ್ಳಗಾಗಲೆಂದು ತಿಂದದ್ದನ್ನು ಬೇಕೆಂದೇ ವಾಂತಿ ಮಾಡಿಕೊಳ್ಳುವವರು ಮೊದಲು ಒಬ್ಬರೂ ಇರಲಿಲ್ಲ. ಮೂರು ವರ್ಷಗಳಲ್ಲಿ 11.3 ಶೇಕಡ ಬಾಲಕಿಯರು ಆ ದಾರಿ ಹಿಡಿದಿದ್ದರು. ಬದಲಾದದ್ದು ಅವರ ದೇಹಗಳಲ್ಲ, ಅವರ ಕಣ್ಣಮುಂದಿನ ಚಿತ್ರಗಳು.

ಇಂದು ನಮ್ಮ ಮಕ್ಕಳ ಕೈಯಲ್ಲಿರುವ ಮೊಬೈಲ್ ಅಂತಹ ನೂರು ದೂರದರ್ಶನಗಳಿಗೆ ಸಮ. ಅದರಲ್ಲಿ ಕಾಣುವ ಮೈಗೆ ಮಚ್ಚೆಯಿಲ್ಲ, ಗೆರೆಯಿಲ್ಲ, ಮುಪ್ಪಿಲ್ಲ. ಅದು ಕನ್ನಡಿಯೊಳಗಿನ ಗಂಟು. ನಿಜವಾದ ದೇಹಗಳನ್ನು ನಮ್ಮ ಮಕ್ಕಳು ನೋಡಿಯೇ ಇಲ್ಲ. ಸುಳ್ಳು ದೇಹಗಳನ್ನು ದಿನಕ್ಕೆ ಸಾವಿರ ನೋಡಿ ಅದರೊಂದಿಗೆ ತಮ್ಮನ್ನು ತೂಗಿಕೊಳ್ಳುತ್ತಾರೆ. ತಕ್ಕಡಿಯೇ ಮೋಸದ್ದಾಗಿರುವಾಗ ತೂಕ ಸರಿಬಂದೀತೇ? ಸೌನಾದಲ್ಲಿ ಕುಳಿತ ಫಿನ್ನಿಷ್ ಅಜ್ಜಿ ಈ ಮೋಸವನ್ನು ಒಂದು ಮಾತೂ ಆಡದೆ ಬಯಲು ಮಾಡುತ್ತಾಳೆ. ದೇಹವೆಂದರೆ ಹೀಗಿರುತ್ತದೆ ಮಗಳೇ ಎಂದು ಅವಳ ಮೈಯೇ ಹೇಳುತ್ತದೆ.

ಈಗ ನಿಮ್ಮ ಆಕ್ಷೇಪಣೆಗಳಿಗೆ ಬರುತ್ತೇನೆ. "ಇದು ನಮ್ಮ ಸಂಸ್ಕೃತಿಯಲ್ಲ, ಪಾಶ್ಚಾತ್ಯರ ಹುಚ್ಚು" ಎಂಬುದು ಮೊದಲನೆಯದು. ಸ್ವಾರಸ್ಯವೇನೆಂದರೆ, ಆಧುನಿಕ ಕಾಲದ ಇಂತಹ ಸಂಘಗಳಲ್ಲಿ ತಿಳಿದಿರುವ ಮೊಟ್ಟಮೊದಲನೆಯದು ಆರಂಭವಾದದ್ದು ಮುಂಬಯಿಯ ಬಳಿಯ ಠಾಣೆಯಲ್ಲಿ, 1891ರಲ್ಲಿ. ಚಾರ್ಲ್ಸ್ ಕ್ರಾಫರ್ಡ್ ಎಂಬ ಆಂಗ್ಲ ನ್ಯಾಯಾಧೀಶ ಅದನ್ನು ಕಟ್ಟಿದ. ಸದಸ್ಯರು ಒಟ್ಟು ಮೂವರು! ಇದು ನಮ್ಮದೆಂದು ಹೇಳಿಕೊಳ್ಳಲು ಅಷ್ಟು ಸಾಲದು, ನಿಜ. ಆದರೆ ನಮ್ಮದೇ ಬಚ್ಚಲುಮನೆಯನ್ನು ನೆನೆಯಿರಿ. ಬಾಣಂತಿಗೆ ಹಂಡೆಯ ಬಿಸಿನೀರು ಹೊಯ್ಯುವ ಅಜ್ಜಿ, ಮೈಗೆಲ್ಲ ಎಣ್ಣೆ ತಿಕ್ಕುವ ಅತ್ತಿಗೆ, ಸೌದೆ ತಳ್ಳಲು ಒಳಬರುವ ನೆರೆಯಾಕೆ. ಅಲ್ಲಿ ಬಾಣಂತಿ ಮೈ ಮುಚ್ಚಿಕೊಳ್ಳುತ್ತಿದ್ದಳೇ? ಸಡಿಲವಾದ ಹೊಟ್ಟೆಯನ್ನು ಅಜ್ಜಿ ತಟ್ಟಿ, "ನನಗೂ ಹೀಗೇ ಇತ್ತು, ಸರಿಹೋಗುತ್ತದೆ" ಎನ್ನುತ್ತಿದ್ದಳು. ಆ ಒಂದು ಮಾತಿನಲ್ಲಿದ್ದ ಸಾಂತ್ವನ ಯಾವ ಔಷಧಿಯಲ್ಲಿದೆ? ಫಿನ್ನರು ಉಳಿಸಿಕೊಂಡದ್ದನ್ನು ನಾವು ಚಿಲಕ ಹಾಕಿದ ಸ್ನಾನದ ಕೋಣೆಯೊಳಗೆ ಕಳೆದುಕೊಂಡೆವು.

"ಬೆತ್ತಲೆಯೆಂದರೆ ಅಶ್ಲೀಲವಲ್ಲವೇ?" ಎಂಬುದು ಎರಡನೆಯದು. ಅತ್ತೂರಿನ ಸಂತ ಲಾರೆನ್ಸರ ಸಾಂತ್‌ಮಾರಿಗೆ ಹೋಗುವ ನೀವು ಅದೇ ಕಾರ್ಕಳದ ಬೆಟ್ಟದ ಮೇಲೆ 1432ರಿಂದ ನಿಂತಿರುವ 42 ಅಡಿಯ ಗೊಮ್ಮಟನನ್ನು ಕಂಡಿದ್ದೀರಿ. ಶಾಲೆಯ ಮಕ್ಕಳನ್ನು ಸಾಲಾಗಿ ಕರೆದೊಯ್ದು ತೋರಿಸಿದ್ದೀರಿ. ಯಾರಿಗಾದರೂ ಅಶ್ಲೀಲವೆನಿಸಿತೇ? ಜೈನ ಮುನಿಯ ನಗ್ನತೆ ಸರ್ವಸಂಗ ಪರಿತ್ಯಾಗದ ಗುರುತು; ಸೌನಾದ್ದು ಬೇರೆ, ಅದು ಬರಿಯ ಸ್ನಾನ. ಎರಡನ್ನೂ ನಾನು ಬೆರೆಸುತ್ತಿಲ್ಲ. ಅಶ್ಲೀಲತೆ ಚರ್ಮದಲ್ಲಿಲ್ಲ, ನೋಟದಲ್ಲಿದೆ ಎಂಬುದಷ್ಟೇ ನನ್ನ ಮಾತು. ಸಾಬೂನಿನ ಜಾಹೀರಾತಿನಲ್ಲಿ ಅರೆಬರೆ ಬಟ್ಟೆಯ ಹೆಣ್ಣನ್ನು ಸರಕಿನಂತೆ ತೋರಿಸುವಾಗ ನಾವು ಊಟ ಮಾಡುತ್ತಲೇ ನೋಡುತ್ತೇವೆ. ಅಲ್ಲಿ ಬಟ್ಟೆಯಿದೆ, ಮರ್ಯಾದೆಯಿಲ್ಲ. ಟಾಂಪೆರೆಯ ಹಬೆಕೋಣೆಯಲ್ಲಿ ಬಟ್ಟೆಯಿಲ್ಲ, ಮರ್ಯಾದೆಯಿದೆ.

ಮೂರನೆಯ ಆಕ್ಷೇಪಣೆ ಗಂಭೀರವಾದದ್ದು. ಅದಕ್ಕೆ ನಾನು ತಲೆಬಾಗುತ್ತೇನೆ. ನಮ್ಮ ದೇಶದಲ್ಲಿ ಬೆತ್ತಲೆ ಮಾಡುವುದು ದಬ್ಬಾಳಿಕೆಯ ಆಯುಧವಾಗಿತ್ತು, ಈಗಲೂ ಆಗುತ್ತಿದೆ. ತಿರುವಾಂಕೂರಿನಲ್ಲಿ ನಾಡಾರ್ ಹೆಂಗಸರು ಮೇಲ್ಜಾತಿಯವರ ಮುಂದೆ ಎದೆ ಮುಚ್ಚಬಾರದೆಂಬ ಕಟ್ಟಳೆಯಿತ್ತು. ಕ್ರೈಸ್ತರಾದ ನಾಡಾರ್ ಹೆಂಗಸರು ಮೊದಲಾಗಿ ದಶಕಗಳ ಕಾಲ ಪೆಟ್ಟು ತಿಂದು ಹೋರಾಡಿ, 1859ರಲ್ಲಿ ಮೈ ಮುಚ್ಚುವ ಹಕ್ಕನ್ನು ಪಡೆದರು. ಬಟ್ಟೆ ಅವರಿಗೆ ಬಿಡುಗಡೆಯಾಗಿತ್ತು. ಹಾಗಾದರೆ ನಗ್ನತೆ ಬಿಡುಗಡೆಯೆಂದು ನಾನು ಹೇಗೆ ಹೇಳಲಿ? ಉತ್ತರ ಇಷ್ಟೇ: ಬಿಡುಗಡೆ ಇರುವುದು ಬಟ್ಟೆಯಲ್ಲೂ ಅಲ್ಲ, ಬೆತ್ತಲೆಯಲ್ಲೂ ಅಲ್ಲ, ಅದನ್ನು ಆರಿಸಿಕೊಳ್ಳುವ ಇಚ್ಛೆಯಲ್ಲಿ. ಬಲವಂತವಾಗಿ ಬಿಚ್ಚಿಸುವುದು ಪಾಪ. ಭಯದಿಂದ ಬಿಗಿದುಕೊಳ್ಳುವಂತೆ ಮಾಡುವುದೂ ಅದರ ನೆಂಟನೇ. ಅಂತರರಾಷ್ಟ್ರೀಯ ನ್ಯಾಚುರಿಸ್ಟ್ ಒಕ್ಕೂಟ 1974ರಲ್ಲಿ ಫ್ರಾನ್ಸಿನ ಆಗ್ದ್ ಪಟ್ಟಣದಲ್ಲಿ ಒಪ್ಪಿಕೊಂಡ ವ್ಯಾಖ್ಯೆಯಲ್ಲಿ ಸಾಮೂಹಿಕ ನಗ್ನತೆಯ ಉದ್ದೇಶವೇ ತನ್ನ ಬಗ್ಗೆ ಗೌರವ, ಇತರರ ಬಗ್ಗೆ ಗೌರವ ಮತ್ತು ಪರಿಸರದ ಬಗ್ಗೆ ಗೌರವ. ಗೌರವವಿಲ್ಲದ ಕಡೆ, ಒಪ್ಪಿಗೆಯಿಲ್ಲದ ಕಡೆ, ಕದ್ದು ಚಿತ್ರ ತೆಗೆಯುವ ಕೈಗಳಿರುವ ಕಡೆ ಆ ಮದ್ದೇ ವಿಷ.

"ವಿಶ್ವಾಸಿಗಳಾದ ನಾವು ಇಂತಹ ಮಾತನ್ನು ಆಡಬಹುದೇ?" ಎಂಬುದು ಕೊನೆಯದು. ಆದಿತಂದೆತಾಯಿಗಳು ಬೆತ್ತಲೆಯಾಗಿದ್ದರೂ ನಾಚಲಿಲ್ಲವೆಂದು ಆದಿಕಾಂಡವೇ ಹೇಳುತ್ತದೆ. ಅವರು ಅಂಜಿ ಮರೆಯಾದದ್ದು ಪಾಪದ ಅನಂತರ. ದೇವರು ಅವರಿಗೆ ತೊಗಲಿನ ಉಡುಪು ತೊಡಿಸಿದರೆಂಬುದನ್ನೂ ಅದೇ ಗ್ರಂಥ ಹೇಳುತ್ತದೆ. ಅಂಜಿದವರ ಮೇಲಿನ ಕರುಣೆ ಅದು. ದೇಹ ಕೆಟ್ಟದ್ದೆಂಬ ತೀರ್ಪಲ್ಲ. ನಾಲ್ಕನೆಯ ಶತಮಾನದಲ್ಲಿ ಜೆರುಸಲೇಮಿನ ಧರ್ಮಾಧ್ಯಕ್ಷರಾಗಿದ್ದ ಸಂತ ಸಿರಿಲರು ಹೊಸದಾಗಿ ಜ್ಞಾನಸ್ನಾನ ಪಡೆದವರಿಗೆ ನೀಡಿದ ಬೋಧನೆಯಲ್ಲಿ, ನೀವು ಎಲ್ಲರೆದುರು ಬೆತ್ತಲೆಯಾಗಿ ನಿಂತರೂ ನಾಚಲಿಲ್ಲ, ಆದಿಮಾನವನನ್ನು ಹೋಲಿದಿರಿ ಎಂಬರ್ಥದ ಮಾತುಗಳಿವೆ. ಅಂದಿನ ಧರ್ಮಸಭೆಯಲ್ಲಿ ಸ್ತ್ರೀಯರಿಗೆ ತೈಲ ಹಚ್ಚಲು ಸ್ತ್ರೀ ಸೇವಕಿಯರಿದ್ದರು. ನೋಡಿ, ನಗ್ನತೆಯೂ ಇತ್ತು, ಮರ್ಯಾದೆಯೂ ಇತ್ತು.

ಮಿಕೆಲಾಂಜೆಲೊ 1541ರಲ್ಲಿ ಸಿಸ್ಟೈನ್ ಪ್ರಾರ್ಥನಾಲಯದ ಗೋಡೆಯ ಮೇಲೆ ಅಂತಿಮ ತೀರ್ಪಿನ ಚಿತ್ರವನ್ನು ಬರೆದು ಮುಗಿಸಿದಾಗ ಅದರಲ್ಲಿನ ನಗ್ನ ದೇಹಗಳನ್ನು ಕಂಡು ಹಲವರು ಕೆರಳಿದರು. 1565ರಲ್ಲಿ ದಾನಿಯೆಲೆ ದ ವೊಲ್ತೆರಾ ಎಂಬ ಕಲಾವಿದನಿಂದ ಆ ಆಕೃತಿಗಳಿಗೆ ಬಟ್ಟೆ ಬರೆಯಿಸಲಾಯಿತು. ಪಾಪ, ಆತನಿಗೆ "ಚಡ್ಡಿ ಹೊಲಿಯುವವ" ಎಂಬ ಅಡ್ಡಹೆಸರೇ ಅಂಟಿಕೊಂಡಿತು! ಅದೇ ಚಿತ್ರವನ್ನು ಶುಚಿಗೊಳಿಸಿ 1994ರ ಏಪ್ರಿಲ್ 8ರಂದು ಬಲಿಪೂಜೆ ಅರ್ಪಿಸಿದ ಸಂತ ಎರಡನೇ ಜಾನ್ ಪೌಲರು ಆ ಪ್ರಾರ್ಥನಾಲಯವನ್ನು ಮಾನವ ದೇಹದ ದೈವಶಾಸ್ತ್ರದ ಗರ್ಭಗುಡಿಯೆಂಬಂತೆ ಕೊಂಡಾಡಿದರು. ಅವರು ಪೋಪ್ ಆಗುವ ಮುನ್ನ 1960ರಲ್ಲಿ ಪ್ರೀತಿ ಮತ್ತು ಹೊಣೆಗಾರಿಕೆಯ ಕುರಿತು ಬರೆದ ಗ್ರಂಥದಲ್ಲಿಯೂ, ನಗ್ನತೆಯೇ ನಿರ್ಲಜ್ಜತೆಯಲ್ಲ. ವ್ಯಕ್ತಿಯನ್ನು ಭೋಗದ ವಸ್ತುವಾಗಿಸುವುದೇ ನಿರ್ಲಜ್ಜತೆ ಎಂದು ವಿವೇಚಿಸಿದ್ದಾರೆ. ಅವರು ನಗ್ನ ಕೂಟಗಳನ್ನು ಸಮರ್ಥಿಸಿದರೆಂದು ನಾನು ಹೇಳುತ್ತಿಲ್ಲ. ನಾವು ಯಾವ ದೇಹದ್ವೇಷವನ್ನು ಭಕ್ತಿಯೆಂದು ತಿಳಿದಿದ್ದೇವೋ ಅದು ಭಕ್ತಿಯಲ್ಲವೆಂದು ಹೇಳುತ್ತಿದ್ದೇನೆ.

ಹಾಗಾದರೆ ನಮ್ಮ ಊರಿನಲ್ಲೂ ಬಟ್ಟೆ ಕಳಚಿ ಹೊಳೆಗಿಳಿಯಿರಿ ಎಂದು ಕರೆ ಕೊಡುತ್ತಿದ್ದೇನೆಯೇ? ಇಲ್ಲ. ಇಲ್ಲಿನ ಕಾನೂನು ಬೇರೆ, ಇಲ್ಲಿನ ಕಣ್ಣುಗಳು ಬೇರೆ. ಆ ಕಣ್ಣುಗಳು ಬದಲಾಗದೆ ಬಟ್ಟೆ ಕಳಚಿದವರಿಗೆ, ಅದರಲ್ಲೂ ಹೆಣ್ಣುಮಕ್ಕಳಿಗೆ, ಕೇಡೇ ಆದೀತು. ಆದರೆ ಆ ದಾರಿ ಹಿಡಿದ ಬೇರೆ ನಾಡಿನ ಜನರನ್ನು ಹುಚ್ಚರೆಂದೋ ಭ್ರಷ್ಟರೆಂದೋ ನಗುವುದನ್ನು ಬಿಡೋಣ. ಅವರು ಕಂಡುಕೊಂಡ ಸತ್ಯವನ್ನು ನಮ್ಮ ಮನೆಗೆ ತಕ್ಕಂತೆ ತಂದುಕೊಳ್ಳೋಣ. ಸಾಮಾನ್ಯ ದೇಹವನ್ನು ಪ್ರೀತಿಯ ಕಣ್ಣುಗಳು ಸಹಜವಾಗಿ ಕಂಡಾಗ ಕೀಳರಿಮೆ ಕರಗುತ್ತದೆ ಎಂಬುದೇ ಆ ಸತ್ಯ.

ಅದಕ್ಕೆ ಏನು ಮಾಡಬೇಕು? ಮೊದಲು ನಾಲಿಗೆಯನ್ನು ಹಿಡಿಯಬೇಕು. ಮುಂದಿನ ಭಾನುವಾರ ದೇವಾಲಯದ ಅಂಗಳದಲ್ಲಿ ಯಾರ ಮಗಳನ್ನೂ "ಕಪ್ಪಾಗಿದ್ದಾಳೆ", ಯಾರ ಮಗನನ್ನೂ "ಕಡ್ಡಿಯಾಗಿದ್ದಾನೆ" ಎನ್ನಬೇಡಿ. ವಧೂವರರ ಜಾಹೀರಾತು ಕೊಡುವಾಗ "ಬೆಳ್ಳಗಿನ, ತೆಳ್ಳಗಿನ" ಎಂದು ಬರೆಯಿಸಬೇಡಿ. ಮಾಂಸದ ಅಂಗಡಿಯಲ್ಲೂ ಇಷ್ಟು ನಿಷ್ಠುರವಾಗಿ ಆರಿಸುವುದಿಲ್ಲ. 1975ರಿಂದ ನಮ್ಮ ಹುಡುಗಿಯರಿಗೆ ಬಿಳುಪನ್ನು ಮಾರಿದ ಫೇರ್ ಆ್ಯಂಡ್ ಲವ್ಲಿ ಕ್ರೀಮು ಕೂಡ 2020ರಲ್ಲಿ ತನ್ನ ಹೆಸರಿನಿಂದ ಬಿಳುಪನ್ನು ಕಿತ್ತುಹಾಕಿತು. ವ್ಯಾಪಾರಿಗೆ ಬಂದ ನಾಚಿಕೆ ನಮಗೆ ಬೇಡವೇ?

ಎರಡನೆಯದಾಗಿ, ತಾಯಂದಿರೇ, ನಿಮ್ಮ ಹೊಟ್ಟೆಯ ಹೆರಿಗೆಯ ಗೆರೆಯನ್ನು ಕುರಿತು, ಬಿದ್ದ ಹಲ್ಲನ್ನು ಕುರಿತು, ನರೆತ ಕೂದಲನ್ನು ಕುರಿತು ಮನೆಯಲ್ಲಿ ಹಳಿದುಕೊಳ್ಳಬೇಡಿ. ಕೇಳಿಸಿಕೊಳ್ಳುವ ಕಿವಿಗಳು ನಾಳೆ ತಮ್ಮ ಮೈಯನ್ನೂ ಹಾಗೆಯೇ ಹಳಿದುಕೊಳ್ಳುತ್ತವೆ. ಬಾಣಂತಿಗೆ ನೀರು ಹೊಯ್ಯುವ ಕೈಗಳನ್ನು ಮನೆಗೆ ಮರಳಿ ಕರೆಯಿರಿ. ಮೂರನೆಯದಾಗಿ, ಗಂಟು ಕಂಡರೆ, ರಕ್ತ ಕಂಡರೆ, ನೋವು ಕಂಡರೆ, ಅದು ದೇಹದ ಯಾವ ಭಾಗದಲ್ಲೇ ಇರಲಿ, ವೈದ್ಯರಿಗೆ ತೋರಿಸಿ. ಗಂಡಸರೇ, ಈ ಮಾತು ನಿಮಗೂ ಸಲ್ಲುತ್ತದೆ. ಮೂಲವ್ಯಾಧಿಯನ್ನು ವರ್ಷಗಟ್ಟಲೆ ಬಚ್ಚಿಟ್ಟು ಬಂದ ಎಷ್ಟು ಮಂದಿ ಶೂರರನ್ನು ನಾನು ಕಂಡಿಲ್ಲ! ಹಾಗೆಯೇ, ವೈದ್ಯರೂ ಶುಶ್ರೂಷಕಿಯರೂ ಆಗಿರುವ ಓದುಗರೇ, ಪರದೆ ಎಳೆಯದೆ, ಅಪ್ಪಣೆ ಕೇಳದೆ ಯಾರ ಬಟ್ಟೆಯನ್ನೂ ಸರಿಸಬೇಡಿ. ನಿಮ್ಮ ಕೈಯ ಗೌರವವೇ ರೋಗಿಯ ಉಡುಪು.

ಆ ತಾಯಿಯ ಕೊನೆಯ ದಿನಗಳಲ್ಲಿ ಹುಣ್ಣನ್ನು ತೊಳೆಯುವ ಕೆಲಸ ನನ್ನದಾಗಿತ್ತು. ಮೊದಲ ವಾರ ಮುಖ ಗೋಡೆಗೆ ತಿರುಗಿಸುತ್ತಿದ್ದವರು ಆಮೇಲಾಮೇಲೆ ನನ್ನ ಮುಖ ನೋಡತೊಡಗಿದರು. ಒಂದು ಬೆಳಿಗ್ಗೆ, "ಸಿಸ್ಟರ್, ನಿಮಗೆ ಹೇಸಿಗೆ ಆಗುವುದಿಲ್ಲವೇ?" ಎಂದು ಕೇಳಿದರು. "ಇಲ್ಲಮ್ಮ, ನನಗೂ ಇಂಥದೇ ಮೈ ಇದೆ" ಎಂದೆ. ಅವರು ಮೊದಲ ಬಾರಿಗೆ ನಕ್ಕರು. "ಈ ಮಾತನ್ನು ಯಾರಾದರೂ ಮೊದಲೇ ಹೇಳಬಾರದಿತ್ತೇ" ಎಂದರು.

ಮೊದಲೇ ಹೇಳಬೇಕಾಗಿದ್ದವರು ನಾವು. ನಿಮ್ಮ ಮನೆಯಲ್ಲಿ ಆ ಮಾತಿಗಾಗಿ ಕಾದಿರುವವರು ಯಾರಿದ್ದಾರೆ? ಇಂದೇ ಹೇಳಿಬಿಡಿ.